ಏಳೂವರೆಯ ಶ್ಯಾಮಲಮ್ಮ

ತಾಯಲೂರು
14 ಫೆಬ್ರವರಿ 2024

ಚಿ. ಮುರಳಿಮೋಹನನಿಗೆ ಆಶೀರ್ವಾದ.

ನಾನು ಸತ್ತುಹೋಗಿದ್ದೇನೆಂದು ನನಗೆ ಮೊದಲು ತಿಳಿಸಿದವಳು ಪಕ್ಕದ ಮನೆಯ ಬೈರಮ್ಮ. ಸೋಮವಾರ ಸಂಜೆ ರೇಷ್ಮೆ ಹುಳುಗಳಿಗೆ ಸೊಪ್ಪು ಹಾಕಿ ಕೈ ತೊಳೆಯುತ್ತಿದ್ದೆ. ಅವಳು ಬಾಗಿಲಲ್ಲಿ ನಿಂತು, "ಅಕ್ಕಾ, ಟೀವಿನಾಗೆ ನೀನು ಸತ್ತೋಗಿದೀಯ ಕಣಕ್ಕಾ, ಈಟು ದೊಡ್ಡ ಹಾರ ಹಾಕವ್ರೆ," ಎಂದಳು. ಇವಳಿಗೆ ತಲೆ ಕೆಟ್ಟಿತೆಂದುಕೊಂಡು ಒಳಗೆ ಹೋಗಿ ನೋಡಿದೆ. ನಿನ್ನ 'ತುಳಸಿಕಟ್ಟೆಯ ಸೊಸೆ' ಬರುತ್ತಿತ್ತು. ಗೋಡೆಯ ಮೇಲೆ ನನ್ನ ಫೋಟೋ. ನಿನ್ನ ತಂಗಿ ಚಂದನಳ ಮದುವೆಯಲ್ಲಿ ಹಸಿರು ರೇಷ್ಮೆ ಸೀರೆ ಉಟ್ಟು ನಿಂತಿದ್ದಾಗ ನೀನೇ ತೆಗೆದ ಫೋಟೋ. ಅದಕ್ಕೆ ಗಂಧದ ಹಾರ, ಮುಂದೆ ದೀಪ, ಊದುಬತ್ತಿ. ಕೆಳಗೆ ಒಬ್ಬ ಗಡ್ಡದವನು "ಅಮ್ಮಾ, ಬಿಟ್ಟು ಹೋದೆಯಲ್ಲಮ್ಮಾ" ಎಂದು ಹೊರಳಾಡುತ್ತಿದ್ದ. ಅವನಿಗೆ ನನ್ನಷ್ಟೇ ವಯಸ್ಸಾಗಿರಬೇಕು.

ನಿಮ್ಮಪ್ಪ ಕೋದಂಡರಾಮಪ್ಪನವರು ಕುರ್ಚಿಯಲ್ಲಿ ಕುಳಿತು ನೋಡುತ್ತಿದ್ದರು. "ಫೋಟೋ ಚೆನ್ನಾಗ್ ಬಂದೈತೆ," ಎಂದರು. ಆ ಮನುಷ್ಯನ ಬಗ್ಗೆ ಬರೆಯಲು ನನಗೆ ಬೇರೆ ಕಾಗದ ಬೇಕು.

ಹಣೆಯಲ್ಲಿ ಕುಂಕುಮ ಇಟ್ಟುಕೊಂಡು ಓಡಾಡುತ್ತಿರುವ ಹೆಂಗಸಿನ ಫೋಟೋಗೆ ಹಾರ ಹಾಕಿಸಲು ನಿನಗೆ ಮನಸ್ಸಾದರೂ ಹೇಗೆ ಬಂತು? ಕೋಲಾರದ ಕಾಲೇಜಿನಲ್ಲಿ ಪ್ರಿನ್ಸಿಪಾಲರ ನಡಿಗೆ ಅಣಕಿಸಿ ನಾಟಕ ಬರೆದೆ, ಒಂದು ಸ್ಟೀಲ್ ತಟ್ಟೆ ಬಹುಮಾನ ಕೊಟ್ಟರು. ಅವತ್ತೇ ನೀನು ಕೆಟ್ಟೆ. ಆಮೇಲೆ ಬೆಂಗಳೂರಿಗೆ ಹೋಗಿ ಗಂಡಸರಿಗೆ ಸೀರೆ ಉಡಿಸಿ ಬೀಳಿಸುವ ಕಾಮಿಡಿ ಶೋ ಬರೆದೆ. ನಾವು ನಗುವುದಕ್ಕೆ ಮೊದಲೇ ತೀರ್ಪುಗಾರರು ಬಿದ್ದು ಬಿದ್ದು ನಗುತ್ತಿದ್ದರು, ನಮಗೆ ನಗುವ ಕೆಲಸವೇ ಉಳಿಯುತ್ತಿರಲಿಲ್ಲ. ಈಗ ಅಳಿಸುವ ಕಸುಬು ಹಿಡಿದಿದ್ದೀಯ. ಅದಕ್ಕೂ ಹೆತ್ತವಳ ಫೋಟೋ ಬೇಕಾಯಿತು.

ನೀನು ಎಷ್ಟು ಸಲ ಫೋನ್ ಮಾಡಿದರೂ ಎತ್ತುವುದಿಲ್ಲ. ಫೋನಿನಲ್ಲಿ ನೀನು ಏನಾದರೂ ತಮಾಷೆ ಹೇಳುತ್ತೀಯ, ನಾನು ನಕ್ಕುಬಿಡುತ್ತೇನೆ, ಅಲ್ಲಿಗೆ ನನ್ನ ಕೋಪ ಮಣ್ಣುಪಾಲು. ಹೇಳುವುದಿದ್ದರೆ ಕಾಗದದಲ್ಲಿ ಬರೆ. ಫೋಟೋ ಇಳಿಸು.

ಇನ್ನೂ ಉಸಿರಾಡುತ್ತಿರುವ ನಿನ್ನ ತಾಯಿ,
ಶ್ಯಾಮಲಮ್ಮ


ಬೆಂಗಳೂರು
21 ಫೆಬ್ರವರಿ 2024

ಅಮ್ಮನಿಗೆ ನಮಸ್ಕಾರ.

ಕೈಯಲ್ಲಿ ಬರೆದು ವರ್ಷಗಳೇ ಆದವು. ಅಕ್ಷರ ಕೋಳಿ ಕೆದಕಿದಂತಿದ್ದರೆ ಬೈಯಬೇಡ.

ನಡೆದದ್ದು ಇಷ್ಟೇ. ಕಥೆಯಲ್ಲಿ ನಾಯಕನ ತಾಯಿ ಎಂದೋ ಸತ್ತಿದ್ದಾಳೆ. ಅವತ್ತು ಇದ್ದಕ್ಕಿದ್ದಂತೆ ಚಾನೆಲ್‌ನ ಮಾನಸ ಮೇಡಂ, ಸೊಸೆ ಅತ್ತೆಯ ಫೋಟೋ ಮುಂದೆ ಅಳಲಿ ಎಂದರು. ಮಾನಸ ಅಂದರೆ ಕಥೆ ಹೇಗೆ ಹೋಗಬೇಕೆಂದು ಹೇಳುವ ಹುಡುಗಿ. ಅವಳ ಮಾತೇ ಮಾತು. ಸೆಟ್ಟಿನಲ್ಲಿ ಫೋಟೋ ಇರಲಿಲ್ಲ, ಲೈಟ್ ಹಾಕಿಯಾಗಿತ್ತು. ನನ್ನ ಮೊಬೈಲಿನಲ್ಲಿ ಕಂಡ ಮೊದಲ ಒಳ್ಳೆಯ ಮುಖ ನಿನ್ನದು. ಕೊಟ್ಟೆ. ಒಂದು ದಿನದ ಮಾತು ಎಂದುಕೊಂಡಿದ್ದೆ. ಈಗ ಅದು ಹಾಲ್‌ನ ಗೋಡೆಯಲ್ಲಿ ಕೂತುಬಿಟ್ಟಿದೆ. ದಿನವೂ ಅದೇ ಹಾಲ್‌ನಲ್ಲಿ ಶೂಟಿಂಗ್. ಒಂದು ಫೋಟೋ ಇದ್ದ ಜಾಗದಲ್ಲಿ ಮರುದಿನ ಬೇರೆ ಮುಖ ಬಂದರೆ ಜನ ಕೇಳುತ್ತಾರೆ.

ಅಷ್ಟಕ್ಕೂ ನೋಡುವವರು ಯಾರಮ್ಮ? ಸೊಪ್ಪು ಬಿಡಿಸುತ್ತಾ, ಜಗಳ ಆಡುತ್ತಾ, ಅರ್ಧ ಕಣ್ಣಲ್ಲಿ ನೋಡುವ ಜನ. ನಿನ್ನೆ ಸತ್ತವನು ಇವತ್ತು ಕಾಫಿ ಕುಡಿದರೂ ಅವರಿಗೆ ಗೊತ್ತಾಗುವುದಿಲ್ಲ. ಅವರಿಗಾಗಿ ಚೆನ್ನಾಗಿ ಬರೆಯಲು ಹೋಗಿಯೇ ನನ್ನ ಸ್ವಂತ ಹಾಸ್ಯ ಧಾರಾವಾಹಿ ಮೂರು ತಿಂಗಳಲ್ಲಿ ಮುಚ್ಚಿತು. ನೀನು ಅದನ್ನು ನೋಡಲೇ ಇಲ್ಲ, ಅದೇ ಸಮಯಕ್ಕೆ ನಿನಗೆ ಹುಳುವಿಗೆ ಸೊಪ್ಪು ಹಾಕುವುದಿತ್ತು.

ನಿನ್ನ ಮಗ,
ಮುರಳಿ


ತಾಯಲೂರು
4 ಮಾರ್ಚ್ 2024

ಮುರಳಿಗೆ,

ಅರ್ಧ ಕಣ್ಣಲ್ಲಿ ನೋಡುವ ಜನ ಎಂದು ಬರೆದೆಯಲ್ಲ, ಇಲ್ಲಿ ಒಬ್ಬಳು ಎರಡೂ ಕಣ್ಣು ಬಿಟ್ಟು ನೋಡುತ್ತಿದ್ದಾಳೆ. ನನ್ನ ತಾಯಿ. ನಿನ್ನ ಅಜ್ಜಿ ಮುನಿಶಾಮಮ್ಮ.

ಶ್ರೀನಿವಾಸಪುರದಿಂದ ನಿನ್ನ ಸೋದರಮಾವ ಮುನಿಕೃಷ್ಣಪ್ಪ ಫೋನ್ ಮಾಡಿದ್ದ. ಅವ್ವನಿಗೆ ಒಂದು ವರ್ಷದಿಂದ ನೆನಪು ಕೈಕೊಡುತ್ತಿರುವುದು ನಿನಗೆ ಗೊತ್ತು. ಟೀವಿಯಲ್ಲಿ ನನ್ನ ಫೋಟೋ ಕಂಡ ದಿನದಿಂದ ನಾನು ಸತ್ತೆನೆಂದು ನಂಬಿದ್ದಾಳೆ. ಬೆಳಿಗ್ಗೆಗೆ ಮರೆಯುತ್ತಾಳೆ. ಏಳೂವರೆಗೆ ನಿನ್ನ ಧಾರಾವಾಹಿ ಶುರುವಾಗುತ್ತದೆ, ಹಾರ ಕಾಣುತ್ತದೆ, ಸಾವು ಮತ್ತೆ ಹೊಸದಾಗುತ್ತದೆ. ನಮ್ಮಲ್ಲಿ ಸಾವಿನ ಸುದ್ದಿ ಕೇಳಿದವರು ತಲೆಗೆ ನೀರು ಹಾಕಿಕೊಳ್ಳಬೇಕು, ಆ ಹೊತ್ತು ಮನೆಯಲ್ಲಿ ಒಲೆ ಹಚ್ಚಬಾರದು. ಮಗನ ಹೆಸರು ಮರೆತವಳು ಇದನ್ನು ಮರೆತಿಲ್ಲ. "ನಾ ಕೂತುರು ಪಾಯ, ನೀಳ್ಳು ಪೊಯ್ಯಂಡಿ," ಎನ್ನುತ್ತಾಳೆ ತನ್ನ ತೆಲುಗಿನಲ್ಲಿ. ಮಗಳು ಹೋದಳು, ನೀರು ಹಾಕಿ. ದಿನಾ ಸಂಜೆ ಬಚ್ಚಲಿಗೆ ಹೋಗಿ ಕೂರುತ್ತಾಳೆ. ಹಾಕದಿದ್ದರೆ ತಾನೇ ತೊಟ್ಟಿಯ ತಣ್ಣೀರು ಸುರಿದುಕೊಳ್ಳುತ್ತಾಳೆ. ರಾತ್ರಿ ಊಟವಿಲ್ಲ. ಸಾವಿನ ಮನೆಯಲ್ಲಿ ಉಣ್ಣುವುದು ಹೇಗೆ ಎಂದು ಸೊಸೆ ರಜನಿಯನ್ನೇ ಗದರುತ್ತಾಳಂತೆ.

ಎಂಬತ್ತು ದಾಟಿದ ಜೀವ. ದಿನಾ ಒದ್ದೆ ತಲೆ, ಖಾಲಿ ಹೊಟ್ಟೆ. ಎಷ್ಟು ದಿನ ತಡೆದೀತು? ಇದು ನನ್ನ ಮಾನದ ಮಾತಲ್ಲ ಈಗ. ನನ್ನ ತಾಯಿ ಸಾಯುತ್ತಾಳೆ, ನಿನ್ನ ಗೋಡೆಯ ಅಲಂಕಾರಕ್ಕೆ.

ಇಳಿಸು.

ಶ್ಯಾಮಲಮ್ಮ


ಬೆಂಗಳೂರು
12 ಮಾರ್ಚ್ 2024

ಅಮ್ಮ,

ಅಜ್ಜಿಯ ವಿಷಯ ಹೇಳಿ, ಫೋಟೋ ಇಳಿಸಬಹುದೇ ಎಂದು ಕೇಳಿದೆ. ಮಾನಸ ಮೇಡಂ, "ಸೋ ಕ್ಯೂಟ್, ನಿಮ್ಮಜ್ಜಿ ನಮ್ಮ ಫ್ಯಾನಾ?" ಎಂದರು. ಅಷ್ಟೇ. ಅತ್ತೆಯ ಫೋಟೋ ಮುಂದೆ ಸೊಸೆ ಅತ್ತ ವಾರ ನಮ್ಮ ರೇಟಿಂಗ್ ಏರಿತಂತೆ, ಈಗ ವಾರಕ್ಕೆರಡು ಸಲ ಅಳಿಸಬೇಕಂತೆ. ಬರೆಯುತ್ತಿದ್ದೇನೆ. ಬರೆಯದಿದ್ದರೆ ಬರೆಯಲು ಹೊರಗೆ ಜನ ಸಾಲು ನಿಂತಿದ್ದಾರೆ.

ಮಾವನಿಗೆ ಹೇಳಿ ಕೇಬಲ್ ಕೀಳಿಸು. ಸುಲಭದ ದಾರಿ ಇರುವಾಗ ನನ್ನ ಪ್ರಾಣ ಯಾಕೆ ತಿನ್ನುತ್ತೀರಿ?

ಮುರಳಿ


ಶ್ರೀನಿವಾಸಪುರ
13 ಏಪ್ರಿಲ್ 2024

ಮುರಳಿಗೆ,

ಯುಗಾದಿಯ ಮರುದಿನವೇ ಇಲ್ಲಿಗೆ ಬಂದೆ. ಹುಳು ಮನೆಯನ್ನು ನಿಮ್ಮಪ್ಪನಿಗೆ ಒಪ್ಪಿಸಿದ್ದೇನೆ, ಅದರ ಗತಿ ದೇವರೇ ಬಲ್ಲ.

ಕೇಬಲ್ ಕೀಳಿಸಿದ್ದೆವು, ಬುದ್ಧಿವಂತ. ದಿನಾ ನೋಡಿ ನೋಡಿ ಅವ್ವನಿಗೆ ಈಗ ಆ ಹೊತ್ತು ಮಾತ್ರ ಮರೆಯುವುದಿಲ್ಲ. ಏಳೂವರೆಗೆ ಕಪ್ಪು ಟೀವಿಯ ಮುಂದೆ ಕುಳಿತು, ಸತ್ತ ಮಗಳ ಮುಖ ನೋಡಲೂ ಬಿಡುವುದಿಲ್ಲವಲ್ಲ ಪಾಪಿಗಳಾ ಎಂದು ಎದೆ ಬಡಿದುಕೊಂಡಳು. ಕೋಲು ಹಿಡಿದು ಎದುರುಮನೆಗೆ ಹೊರಟುಬಿಟ್ಟಳು. ಮತ್ತೆ ಹಾಕಿಸಬೇಕಾಯಿತು.

ನಾನು ಬಂದು ಎದುರಿಗೆ ನಿಂತರೆ ಎಲ್ಲ ಸರಿಹೋಗುತ್ತದೆಂದುಕೊಂಡಿದ್ದೆ. ಕೈ ಹಿಡಿದುಕೊಂಡು, "ಅವ್ವಾ, ನಾನು ಶ್ಯಾಮಲ, ಬದುಕಿದೀನಿ," ಎಂದೆ. ನನ್ನ ಮುಖ ಸವರಿ ನೋಡಿದಳು. "ಎವುರಮ್ಮಾ ನುವ್ವು?" ಎಂದಳು. ಯಾರಮ್ಮ ನೀನು ಅಂತ. ಹೆತ್ತವಳು. ಆಮೇಲೆ ಟೀವಿಯ ಕಡೆ ಕೈ ತೋರಿಸಿ, ನನ್ನ ಮಗಳು ಅಲ್ಲಿದ್ದಾಳೆ ನೋಡು, ಕೆಂಪಗೆ ದಾಳಿಂಬೆ ಹಾಗೆ ಇದ್ದಳು, ನೀನು ಕಪ್ಪು ಎಂದಳು. ರಜನಿ ನನ್ನನ್ನು ಕೆಲಸಕ್ಕೆ ಇಟ್ಟುಕೊಂಡಿದ್ದಾಳೆಂದು ತಿಳಿದಿದ್ದಾಳೆ. ನಾನು ಅವಳ ಬಟ್ಟೆ ಬದಲಾಯಿಸಿದರೆ, "ಒಳ್ಳೆದಾಗ್ಲಿ ಬಿಡಮ್ಮ," ಎಂದು ತಲೆ ಮುಟ್ಟುತ್ತಾಳೆ. ಸಂಜೆಯಾದರೆ ನನ್ನ ಕೈಯಲ್ಲೇ ತಲೆಗೆ ನೀರು ಹಾಕಿಸಿಕೊಳ್ಳುತ್ತಾಳೆ. ನನ್ನ ಸಾವಿಗೆ ನಾನೇ ನೀರು ಹಾಕುತ್ತಿದ್ದೇನೆ ಮುರಳಿ. ಬಿಸಿನೀರು ಬೆರೆಸಿದರೂ ಶೀತ ಬಿಡಲಿಲ್ಲ, ಈಗ ಜ್ವರ. ಕೋಲಾರದ ಡಾಕ್ಟರು ಎದೆಯಲ್ಲಿ ಕಫ ಕಟ್ಟಿದೆ, ತಣ್ಣಗಾಗಲು ಬಿಡಬೇಡಿ ಎಂದರು.

ಊರೂರಿನ ಹೆಂಗಸರು ನಿನ್ನ ಧಾರಾವಾಹಿ ನೋಡಿ ಕಣ್ಣೀರು ಹಾಕುತ್ತಾರಂತೆ. ನಾಚಿಕೆಯಾಗಬೇಕು ಅವರಿಗೂ, ನಿನಗೂ.

ಶ್ಯಾಮಲಮ್ಮ


ಬೆಂಗಳೂರು
20 ಏಪ್ರಿಲ್ 2024

ಅಮ್ಮ,

ನಿನ್ನ ಕಾಗದ ಓದಿದ ದಿನ ಒಂದಕ್ಷರವೂ ಬರೆಯಲಾಗಲಿಲ್ಲ. ಸೆಟ್ಟಿನಲ್ಲಿ ಎಲ್ಲರೂ ನನ್ನ ಸಂಭಾಷಣೆಗಾಗಿ ಕಾಯುತ್ತಾ ಬಜ್ಜಿ ತಿಂದರು.

ಒಂದು ದಾರಿ ಇದೆ. ಫೋಟೋ ಇಳಿಸಲು ಬಿಡುವುದಿಲ್ಲ, ಸರಿ. ಆದರೆ ಸತ್ತವಳು ವಾಪಸು ಬಂದರೆ ಹಾರ ತೆಗೆಯಲೇಬೇಕಲ್ಲ? ತಾಯಿ ಸತ್ತಿರಲಿಲ್ಲ, ಕಾಶಿಯಲ್ಲಿ ನೆನಪು ಕಳೆದುಕೊಂಡು ಯಾವುದೋ ಮಠದಲ್ಲಿ ಇದ್ದಳು ಎಂದು ಬರೆದುಕೊಟ್ಟೆ. ನಗಬೇಡ. ಮಾನಸ ಮೇಡಂ ಕುರ್ಚಿಯಿಂದ ಎದ್ದು ನಿಂತರು. ಇಷ್ಟು ವರ್ಷದಲ್ಲಿ ನಾನು ಬರೆದ ಅತಿ ಕೆಟ್ಟ ತಿರುವಿಗೆ ಮೊದಲ ಸಲ ಕೈಕುಲುಕಿದರು.

ಆದರೆ ಫೋಟೋದಲ್ಲಿರುವ ಮುಖವೇ ಬಾಗಿಲಿಗೆ ಬರಬೇಕು. ಆ ಮುಖ ಇರುವುದು ನಿನಗೊಬ್ಬಳಿಗೆ. ಒಂದೇ ದಿನ ಬಾ. ಮಾತಾಡಬೇಕಿಲ್ಲ. ಒಳಗೆ ನಡೆದು ಬಂದು ಹಾರ ತೆಗೆದುಹಾಕು. ಅಜ್ಜಿ ನಂಬುವುದು ಟೀವಿಯನ್ನು ತಾನೇ, ಟೀವಿಯಲ್ಲೇ ತೋರಿಸೋಣ.

ಮುರಳಿ


ಶ್ರೀನಿವಾಸಪುರ
27 ಏಪ್ರಿಲ್ 2024

ಮುರಳಿಗೆ,

ಬರುತ್ತೇನೆ. ನಿನಗಾಗಿ ಅಲ್ಲ, ನಿನ್ನ ಮಾನಸ ಮೇಡಂಗಾಗಿ ಮೊದಲೇ ಅಲ್ಲ.

ನನ್ನ ಸೀರೆ ನಾನು ಉಡುತ್ತೇನೆ. ಮುಖಕ್ಕೆ ಏನೂ ಬಳಿಯಕೂಡದು. ಅಳುವುದಿಲ್ಲ. ಆ ಗಡ್ಡದವನು ನನ್ನ ಮೇಲೆ ಬೀಳಕೂಡದು. ಕಾರು ಕಳಿಸು.

ಶ್ಯಾಮಲಮ್ಮ


ಶ್ರೀನಿವಾಸಪುರ
14 ಮೇ 2024

ಮುರಳಿಗೆ,

ನಿಮ್ಮ ಡ್ರೈವರ್ ಕದಿರೇಶ ಜೋಪಾನವಾಗಿ ಮನೆ ಮುಟ್ಟಿಸಿದ. ಆ ಕಂಪನಿಯಲ್ಲಿ ತನ್ನ ಕೆಲಸ ನೆಟ್ಟಗೆ ಮಾಡುವವನು ಅವನೊಬ್ಬನೇ ಎಂದು ಕಾಣುತ್ತದೆ.

ಆ ಮನೆಗೆ ಹಿಂಭಾಗವೇ ಇಲ್ಲವಲ್ಲೋ! ಅಡುಗೆಮನೆಯ ಬಾಗಿಲು ತೆಗೆದರೆ ಜನರೇಟರ್. ಊರೆಲ್ಲ ಕೈಮುಗಿಯುವ ತುಳಸಿಕಟ್ಟೆ ಥರ್ಮೋಕೋಲ್, ಗಿಡ ಪ್ಲಾಸ್ಟಿಕ್. ಹಾರವನ್ನು ಮೊದಲ ಸಲವೇ ಸರಿಯಾಗಿ ತೆಗೆದೆ. ಮತ್ತೆ ಹಾಕಿ, ಮತ್ತೆ ತೆಗೆಸಿ, ಮತ್ತೆ ಹಾಕಿ ಬೆಳಗಿನಿಂದ ಸಂಜೆವರೆಗೆ ಅದೇ ಆಯಿತು. ಗಡ್ಡದವನು ಬೀಳಕೂಡದೆಂದು ಹೇಳಿದ್ದೆ, ಬಿದ್ದ. ಗ್ಲಿಸರಿನ್ ನನ್ನ ಸೆರಗಿಗೆ ಒರೆಸಿದ.

ಮುಖಕ್ಕೆ ಬಳಿಯಬೇಡಿ ಎಂದಿದ್ದವಳು ಕೊನೆಗೆ ಬಳಿಸಿಕೊಂಡೆ. ಮೇಕಪ್ಪಿನ ಹುಡುಗಿ ಮೇಘನ, "ಫೋಟೋದಲ್ಲಿರೋ ಥರ ಕಾಣಲ್ಲ ಆಂಟಿ," ಎಂದಳು. ಅವ್ವ ಕಪ್ಪು ಎಂದದ್ದು ನೆನಪಾಯಿತು. ಸುಮ್ಮನೆ ಮುಖ ಒಡ್ಡಿದೆ.

ಇನ್ನೊಂದು ಮಾತು. ನೀನು ಮೂಲೆಯಲ್ಲಿ ಪ್ಲಾಸ್ಟಿಕ್ ಕುರ್ಚಿಯ ಮೇಲೆ ಮೊಬೈಲಿನಲ್ಲಿ ಬರೆಯುತ್ತಿದ್ದೆ. ಆ ಮಾನಸ, ಚಂದನಳಿಗಿಂತ ಚಿಕ್ಕವಳು, "ಮುರಳಿ, ಇನ್ನೊಂಚೂರು ಅಳು ಹಾಕು," ಎಂದು ಉಪ್ಪು ಕೇಳುವ ಹಾಗೆ ಕೇಳಿದಳು. ನೀನು ತಲೆ ಎತ್ತದೆ ಹಾಕಿದೆ. ನಿನ್ನ ಕೂದಲು ಬೆಳ್ಳಗಾಗಿದೆ. ನನಗೆ ಹೊಟ್ಟೆ ಉರಿಯಿತು. ನಾನು ಬೈಯುವುದು ಬೇರೆ, ಅವಳು ಯಾರು?

ಯಾವತ್ತು ತೋರಿಸುತ್ತೀರಿ? ಅವ್ವನ ಜ್ವರ ಬಿಟ್ಟಿದೆ, ಕೆಮ್ಮು ಬಿಟ್ಟಿಲ್ಲ.

ಶ್ಯಾಮಲಮ್ಮ


ಶ್ರೀನಿವಾಸಪುರ
29 ಮೇ 2024

ಮುರಳಿಗೆ,

ಇದನ್ನು ಸ್ಪೀಡ್ ಪೋಸ್ಟಿನಲ್ಲಿ ಹಾಕುತ್ತಿದ್ದೇನೆ.

ಸೋಮವಾರ ತೋರಿಸುತ್ತಾರೆಂದು ನೀನು ರಜನಿಗೆ ಹೇಳಿದ್ದೆ. ಅವ್ವನ ತಲೆ ಬಾಚಿ, ಹೂ ಮುಡಿಸಿ, ಟೀವಿಯ ಮುಂದೆ ಕೂರಿಸಿದೆ. ಸೋಮವಾರ ಏನು ತೋರಿಸಿದಿರಿ? ನನ್ನ ಪಾದ. ಹೊಸ್ತಿಲ ಮೇಲೆ ಪಾದ, ಗುಡುಗು, ಎಲ್ಲರ ಬಾಯಿ ತೆರೆದ ಮುಖ, ಮುಗಿಯಿತು. ಮಂಗಳವಾರ ಮತ್ತೆ ಪಾದ, ಜೊತೆಗೆ ಬಳೆಯ ಕೈ. ಇವತ್ತು ಬೆನ್ನು. ನಾನು ಅಲ್ಲಿ ಒಂದು ನಿಮಿಷದಲ್ಲಿ ಬಾಗಿಲಿನಿಂದ ಗೋಡೆಗೆ ನಡೆದಿದ್ದೆ, ನೀನು ಅದನ್ನು ವಾರವೆಲ್ಲ ನಡೆಸುತ್ತಿದ್ದೀಯ.

ಪಾದ ಯಾರದೆಂದು ಅವ್ವನಿಗೆ ಹೇಗೆ ಗೊತ್ತಾಗಬೇಕು? ಅವಳಿಗೆ ಕಾಣುವುದು ಹಾರ. ಈ ವಾರ ಎರಡೆರಡು ನಿಮಿಷಕ್ಕೆ ಫೋಟೋ ತೋರಿಸುತ್ತೀರಿ, ಹಿಂದೆ ಶಹನಾಯಿ ಬೇರೆ. ನಿನ್ನೆ ತಡೆಯಲು ಹೋದ ನನ್ನನ್ನು ನೂಕಿ ತಣ್ಣೀರು ಸುರಿದುಕೊಂಡಳು. ಮೂರು ಸಂಜೆಯಿಂದ ಅನ್ನ ಮುಟ್ಟಿಲ್ಲ. ಎದೆ ಗೊರಗೊರ ಎನ್ನುತ್ತಿದೆ.

ಅವಳು ನನ್ನ ಮುಖ ನೋಡುವ ಮೊದಲೇ ಹೋದರೆ, ನೀನು ಅವಳ ಮಣ್ಣಿಗೆ ಬರಬೇಡ.

ಶ್ಯಾಮಲಮ್ಮ


ಬೆಂಗಳೂರು
31 ಮೇ 2024

ಅಮ್ಮ,

ಪಾದ ನಾನೇ ಬರೆದೆ. ಯಾರ ಮೇಲೂ ಹಾಕುವುದಿಲ್ಲ. ಮಾನಸ ಮೇಡಂ ಒಂದು ವಾರ ಎಳೆಯಬೇಕು ಎಂದರು, ಅಷ್ಟೇ. ಪಾದ, ಬಳೆ, ಬೆನ್ನು ಎಂದು ವಿಂಗಡಿಸಿದ್ದು ನಾನು. ಬರೆಯುವಾಗ ಅಜ್ಜಿಯ ನೆನಪೇ ಬರಲಿಲ್ಲ. ಎಷ್ಟು ಚೆನ್ನಾಗಿ ಎಳೆದೆ ಎಂದು ಹೆಮ್ಮೆಪಟ್ಟುಕೊಂಡೆ. ಇಂಥವನಾಗಿದ್ದೇನೆ ನಾನು. ನೀನು ಹೇಳುತ್ತಿದ್ದುದೆಲ್ಲ ಸರಿ.

ಸೋಮವಾರ ಮುಖ ಬರುತ್ತದೆ. ಎಡಿಟಿಂಗ್ ಕೋಣೆಯಲ್ಲಿ ಕೂತು ನೋಡಿದ್ದೇನೆ, ಸುಳ್ಳಲ್ಲ. ಎರಡು ದಿನ ಹೇಗಾದರೂ ಅಜ್ಜಿಯನ್ನು ಕಾಪಾಡು.

ಮುಂದಿನದನ್ನೂ ಕೇಳು. ಬಂದ ಅತ್ತೆ ಇನ್ನು ಮನೆಯಲ್ಲಿ ಇರಬೇಕಲ್ಲ ಎಂದರು ಮಾನಸ ಮೇಡಂ, ನನ್ನ ತಾಯಿ ಇನ್ನು ಬರುವುದಿಲ್ಲ ಎಂದೆ. ಹಾಗಾದರೆ ತಿಂಗಳೊಳಗೆ ಹಾರ್ಟ್ ಅಟ್ಯಾಕ್ ಮಾಡಿಸಿ, ಅದೇ ಫೋಟೋ ಮತ್ತೆ ಹಾಕೋಣ ಎಂದರು. ಆ ಸಾವನ್ನು ನಾನು ಬರೆಯುವುದಿಲ್ಲ. ಕೆಲಸ ಬಿಡುತ್ತಿದ್ದೇನೆ. ನಗಿಸಲೂ ಆಗಲಿಲ್ಲ, ಅಳಿಸುವುದೂ ಸಾಕು. ಊರಿಗೆ ಬಂದು ಹುಳುವಿಗೆ ಸೊಪ್ಪು ಹಾಕಿಕೊಂಡಿರುತ್ತೇನೆ. ನೀನು ಬೇಡ ಎನ್ನುವುದಿಲ್ಲ ಎಂದು ಗೊತ್ತು.

ಮುರಳಿ


ತಾಯಲೂರು
6 ಜೂನ್ 2024

ಚಿ. ಮುರಳಿಗೆ ಆಶೀರ್ವಾದ.

ಸೋಮವಾರ ಅವ್ವ ನೋಡಿದಳು. ರಜನಿಗೆ ಒರಗಿಕೊಂಡು ಕುಳಿತಿದ್ದಳು, ನಾನು ಕಾಲ ಬಳಿ ಇದ್ದೆ. ನಾನು ಒಳಗೆ ಬಂದೆ, ಟೀವಿಯಲ್ಲಿ, ಮುಖ ಎತ್ತಿದೆ, ಹಾರ ತೆಗೆದು ನೆಲಕ್ಕೆ ಹಾಕಿದೆ. ಅವ್ವ ಟೀವಿಯ ಕಡೆಗೆ ಬಾಗಿದಳು. ಆಮೇಲೆ ಎರಡೂ ಕೈ ಎತ್ತಿ ಮುಗಿದಳು. "ವಚ್ಚೇಸಿಂದಿ! ನಾ ಕೂತುರು ವಚ್ಚೇಸಿಂದಿ!" ಬಂದುಬಿಟ್ಟಳು ಎಂದು ಬೀದಿಗೆ ಕೇಳುವಂತೆ ಕೂಗಿದಳು. ಮಾವಿನಕಾಯಿ ಮಂಡಿಯಿಂದ ಆಗತಾನೇ ಬಂದ ನಿನ್ನ ಮಾವ ಬಾಗಿಲಲ್ಲೇ ನಿಂತು ಅತ್ತುಬಿಟ್ಟ. ಬಚ್ಚಲಿನ ಕಡೆ ಅವಳು ತಿರುಗಿಯೂ ನೋಡಲಿಲ್ಲ. ಒಲೆ ಹಚ್ಚಿ ಎಂದಳು. ಮುದ್ದೆ, ಹುರುಳಿಕಾಳು ಸಾರು, ನಾನೇ ಕಲಸಿ ತಿನ್ನಿಸಿದೆ. ಮತ್ತೊಂದು ತುತ್ತು ಕೇಳಿ ತಿಂದಳು.

ಕೈ ತೊಳೆಸುವಾಗ ನನ್ನ ಗಲ್ಲ ಹಿಡಿದಳು. ಈಗಲಾದರೂ ಗುರುತು ಸಿಕ್ಕಿತೆಂದುಕೊಂಡೆ. "ನುವ್ವು ಇಂಟಿಕಿ ಪೋಮ್ಮಾ," ಎಂದಳು. ನನ್ನ ಮಗಳು ಬಂದಳು, ನೀನು ಇನ್ನು ನಿನ್ನ ಮನೆಗೆ ಹೋಗಮ್ಮ. ಕಷ್ಟದ ಹೊತ್ತಿನಲ್ಲಿ ನನ್ನ ಮೈ ತೊಳೆದೆ, ನಿನಗೂ ಗಂಡ ಮಕ್ಕಳು ಇರುತ್ತಾರಲ್ಲ, ಎಷ್ಟು ದಿನ ಅಂತ ಇಲ್ಲಿರುತ್ತೀಯ ಎಂದಳು. ರಜನಿ, "ಅತ್ತೇ, ಇವ್ರೇ ನಿಮ್ ಮಗಳು," ಎಂದು ಬಾಯಿ ತೆಗೆದಳು, ನಾನು ಬೇಡವೆಂದು ಕಣ್ಣು ಮಾಡಿದೆ. ಇನ್ನೊಮ್ಮೆ ಕಲಕಿ ಏನು ಮಾಡುವುದು?

ಬೆಳಿಗ್ಗೆ ಎದ್ದಾಗಲೂ ಮಗಳು ಬಂದದ್ದು ಅವಳಿಗೆ ನೆನಪಿತ್ತು. ತಾನೇ ಅರಿಶಿನ ಕುಂಕುಮ ಕೊಟ್ಟಳು. ಇಡುವಾಗ ಕುಂಕುಮ ನನ್ನ ಮೂಗಿನ ಮೇಲೆಲ್ಲ ಬಿತ್ತು. ರವಿಕೆ ಬಟ್ಟೆ, ಎಲೆ ಅಡಿಕೆ ಮಡಿಲಿಗೆ ಹಾಕಿ, ನಿನ್ನನ್ನು ಹೆತ್ತವಳು ಪುಣ್ಯವಂತೆ ಎಂದಳು. ಕಾಲಿಗೆ ಬಿದ್ದು ಎದ್ದು ಬಂದೆ. ಮುಳಬಾಗಿಲಿನವರೆಗೂ ಬಸ್ಸಿನಲ್ಲಿ ಅತ್ತೆ. ಪಕ್ಕದಲ್ಲಿದ್ದವಳು, "ನೀವು ಸೀರಿಯಲ್‌ನಲ್ಲಿ ಬರೋ ಅಮ್ಮ ಅಲ್ವಾ?" ಎಂದು ಸೆಲ್ಫಿ ಕೇಳಿದಳು.

ದಿನಾ ಏಳೂವರೆಗೆ ಊಟದ ತಟ್ಟೆ ಇಟ್ಟುಕೊಂಡು ಕಾಯುತ್ತಾಳಂತೆ. ಮಗಳು ಕಂಡರೆ ಉಣ್ಣುತ್ತಾಳೆ, ಕಾಣದಿದ್ದರೆ ಎಲ್ಲಿ ಹೋದಳು ಎಂದು ಕೇಳುತ್ತಾಳೆ.

ಆದ್ದರಿಂದ ಕೆಲಸ ಬಿಡುವ ಮಾತು ಎತ್ತಬೇಡ. ನಿನ್ನ ಕಸುಬು ಕಸವೇ, ಅದರಲ್ಲಿ ನನ್ನ ಅಭಿಪ್ರಾಯ ಬದಲಾಗಿಲ್ಲ. ಆದರೆ ನೀನು ಎದ್ದು ಬಂದರೆ ಇನ್ನೊಬ್ಬ ಬಂದು ನನ್ನನ್ನು ಸಾಯಿಸುತ್ತಾನೆ. ಅಲ್ಲೇ ಕೂತು ಬರೆ. ಎಳೆಯುವುದು ನಿನಗೆ ಬರುತ್ತದಲ್ಲ, ಎಳೆ. ಅವ್ವ ಇರುವವರೆಗೂ ಎಳೆ. ನನ್ನನ್ನು ತೀರ್ಥಯಾತ್ರೆಗೂ ಕಳಿಸಬೇಡ.

ವಾರಕ್ಕೊಂದು ದಿನ ಬರುತ್ತೇನೆ ಎಂದು ಆ ಹುಡುಗಿಗೆ ಹೇಳು. ಅವರು ಹೇಳಿದ ಹಾಗೆ ನಿಲ್ಲುತ್ತೇನೆ, ಅಳು ಎಂದರೆ ಅಳುತ್ತೇನೆ. ಕದಿರೇಶನನ್ನು ಮುಂಜಾನೆಯೇ ಕಳಿಸು, ಬಣ್ಣ ಹಚ್ಚಲು ಹೊತ್ತು ಬೇಕು. ನನ್ನನ್ನು ಅವತ್ತಿನಷ್ಟೇ ಕೆಂಪಗೆ ಮಾಡಬೇಕೆಂದು ಮೇಘನಳಿಗೆ ಹೇಳು, ಇಲ್ಲದಿದ್ದರೆ ಅವ್ವನಿಗೆ ನನ್ನ ಗುರುತು ಸಿಗುವುದಿಲ್ಲ.

ನಿನ್ನ ತಾಯಿ,
ಶ್ಯಾಮಲಮ್ಮ